ಇಲಿಗೆ ಜಾಮೀನು ಬೇಕಿಲ್ಲ

ಬೆಟ್ಟ ಅಗೆದು ಇಲಿ ಹಿಡಿದರು ಅಂತ ನಮ್ಮಲ್ಲೊಂದು ಗಾದೆ. ಮಥುರಾ ಪೊಲೀಸರು ಅಷ್ಟೂ ಮಾಡಲಿಲ್ಲ. ಇಲಿ ಸಿಗಲಿಲ್ಲ, ಬೆಟ್ಟವೂ ಇಲ್ಲ ಅಂದುಬಿಟ್ಟರು.

2022ರ ನವೆಂಬರ್. ವಶಪಡಿಸಿಕೊಂಡ ಗಾಂಜಾ ಎಲ್ಲಪ್ಪಾ ಎಂದು ಮಥುರಾದ ನ್ಯಾಯಾಲಯ ಕೇಳಿತು. ಶೇರ್‌ಗಢ ಠಾಣೆಯ ಗೋದಾಮಿನಲ್ಲಿ 386 ಕಿಲೊ ಇರಬೇಕಿತ್ತು. ಹೈವೇ ಠಾಣೆಯಲ್ಲಿ 195 ಕಿಲೊ. ಒಟ್ಟು 581. ಇಲಿ ತಿಂದವು ಸ್ವಾಮಿ ಎಂದು ಉತ್ತರ ಬಂತು. ಇಲಿಗಳು ಸಣ್ಣ ಪ್ರಾಣಿ, ಅವಕ್ಕೆ ಪೊಲೀಸರ ಹೆದರಿಕೆ ಇರುವುದಿಲ್ಲ ಎಂಬ ಮಾತೂ ನ್ಯಾಯಾಲಯದ ಕಡತ ಸೇರಿತು.

ನಗಬೇಡಿ. ಲೆಕ್ಕ ಹಾಕಿ.

ನಮ್ಮ ಮಾದಕವಸ್ತು ಕಾಯ್ದೆಯ ಪ್ರಕಾರ 20 ಕಿಲೊ ಮೀರಿದ ಗಾಂಜಾ ಅಂದರೆ 'ವಾಣಿಜ್ಯ ಪ್ರಮಾಣ'. ಕನಿಷ್ಠ 10 ವರ್ಷ ಕಠಿಣ ಸಜೆ, ಕನಿಷ್ಠ 1 ಲಕ್ಷ ದಂಡ. 581 ಕಿಲೊ ಅಂದರೆ ಅದರ 29 ಪಟ್ಟು. 29 ಸಲ 10 ವರ್ಷ, 290 ವರ್ಷ. ಇಲಿಯ ಆಯಸ್ಸು ಎರಡೋ ಮೂರೋ ವರ್ಷ. ಮುತ್ತಜ್ಜನ ಶಿಕ್ಷೆಯನ್ನು ಮರಿಮಕ್ಕಳು ಅನುಭವಿಸಿದರೂ ಮುಗಿಯುವುದಿಲ್ಲ. ಆದರೂ ಒಂದು ಇಲಿಯ ಮೇಲೂ ಎಫ್‌ಐಆರ್ ಆಗಲಿಲ್ಲ. ಅವು ಇದ್ದದ್ದೇ ಠಾಣೆಯೊಳಗೆ. ಹುಡುಕಿಕೊಂಡು ಹೋಗುವ ಕಷ್ಟವೂ ಇರಲಿಲ್ಲ.

2023ರಲ್ಲಿ ಚೆನ್ನೈನಲ್ಲೂ ಇದೇ ಕಥೆ. 22 ಕಿಲೊ ಹಿಡಿದಿದ್ದೇವೆ ಎಂದವರು ಮಾಲು ತೋರಿಸಿ ಎಂದಾಗ ಇಲಿಯ ಕಡೆ ಕೈ ತೋರಿಸಿದರು. ಇಬ್ಬರು ಆರೋಪಿಗಳು ಖುಲಾಸೆಯಾದರು. 2024ರಲ್ಲಿ ಜಾರ್ಖಂಡದ ಧನಬಾದ್. ಅಲ್ಲಿನ ಇಲಿಗಳು ಗಾಂಜಾದ ಜೊತೆ ಭಂಗಿಯನ್ನೂ ಬಿಡಲಿಲ್ಲವಂತೆ. ಹಿಂದಿ, ತಮಿಳು ಎಂಬ ಭೇದವಿಲ್ಲದೆ ದೇಶವಿಡೀ ಒಂದೇ ರುಚಿ, ಒಂದೇ ಹಸಿವು. ರಾಷ್ಟ್ರೀಯ ಭಾವೈಕ್ಯ ಅಂದರೆ ಇದು.

ಈಗ ಇಲಿಯನ್ನು ಬಿಡಿ. ಮನುಷ್ಯನ ಕಡೆ ಬನ್ನಿ.

ಆಂಧ್ರ–ಒಡಿಶಾ ಗಡಿಯಿಂದ ರೈಲಿನಲ್ಲಿ ಚೀಲ ಹೊತ್ತು ಬರುವ ಕೂಲಿಯವನನ್ನು ತೆಗೆದುಕೊಳ್ಳಿ. ಚೀಲ ಅವನದಲ್ಲ. ಕಳಿಸಿದವನ ಹೆಸರು ಅವನಿಗೆ ಗೊತ್ತಿಲ್ಲ. ತೆಗೆದುಕೊಳ್ಳುವವನ ಮುಖ ನೋಡಿಲ್ಲ. ಚೀಲ 21 ಕಿಲೊ ತೂಗಿದರೆ ಮುಗಿಯಿತು. ಆ ಹೆಚ್ಚಿನ ಒಂದು ಕಿಲೊದಲ್ಲಿ ಇಡೀ ಜೀವನ ಇದೆ. ಏಕೆಂದರೆ ಅಲ್ಲಿ ಮಾದಕವಸ್ತು ಕಾಯ್ದೆಯ ಸೆಕ್ಷನ್ 37 ಕಾದು ಕೂತಿದೆ.

ಈ ಸೆಕ್ಷನ್ 37 ಒಂದು ಒಗಟು. ಸರ್ಕಾರಿ ವಕೀಲರು ವಿರೋಧಿಸಿದರೆ, ಆರೋಪಿ ತಪ್ಪಿತಸ್ಥನಲ್ಲ ಎಂದು ನಂಬಲು ಕಾರಣಗಳಿವೆ ಎಂದು ನ್ಯಾಯಾಧೀಶರಿಗೆ ಮನವರಿಕೆ ಆಗಬೇಕು. ಅಷ್ಟೇ ಅಲ್ಲ, ಹೊರಗೆ ಹೋದ ಮೇಲೆ ಅವನು ಇನ್ನೊಂದು ಅಪರಾಧ ಮಾಡುವುದಿಲ್ಲ ಎಂದೂ ಅನಿಸಬೇಕು. ಆಗ ಮಾತ್ರ ಜಾಮೀನು.

ತಪ್ಪಿತಸ್ಥನೋ ಅಲ್ಲವೋ ಎಂದು ತಿಳಿಯಬೇಕಾದರೆ ವಿಚಾರಣೆ ನಡೆಯಬೇಕು. ವಿಚಾರಣೆ ಇನ್ನೂ ಶುರುವಾಗಿಲ್ಲ. ವಿಚಾರಣೆಯ ಕೊನೆಗೆ ಹೇಳಬೇಕಾದ ಮಾತನ್ನು ಮೊದಲೇ ಹೇಳಿದರೆ ಹೊರಗೆ ಬಿಡುತ್ತಾರಂತೆ. ಮುಂದೆ ಅಪರಾಧ ಮಾಡುವುದಿಲ್ಲ ಎಂದು ಹೇಳಲು ನ್ಯಾಯಾಧೀಶರು ಕಾನೂನು ಓದಿದ್ದರೆ ಸಾಲದು, ಕವಡೆ ಹಾಕುವುದನ್ನೂ ಕಲಿತಿರಬೇಕು.

ಅದೇ ಕಾಯ್ದೆಯ ಸೆಕ್ಷನ್ 35 ಇನ್ನೂ ಸೊಗಸು. ನಿನ್ನ ಮನಸ್ಸಿನಲ್ಲಿ ಅಪರಾಧದ ಉದ್ದೇಶ ಇತ್ತು ಎಂದೇ ನಾವು ಭಾವಿಸುತ್ತೇವೆ, ಇರಲಿಲ್ಲ ಎಂದು ನೀನೇ ಸಾಬೀತುಪಡಿಸು ಎನ್ನುತ್ತದೆ. ನಿರಪರಾಧಿ ಎಂದು ಭಾವಿಸುವುದು ನ್ಯಾಯದ ಮೂಲತತ್ತ್ವ ಎಂದು ಪಿಯುಸಿಯ ಪೌರನೀತಿ ಪುಸ್ತಕದಲ್ಲಿ ಓದಿದವರೆಲ್ಲ ಆ ಪುಟ ಹರಿದುಹಾಕಬಹುದು. ರದ್ದಿಗಾದರೂ ಆದೀತು.

ಚಾರ್ಜ್‌ಶೀಟ್ ಹಾಕಲು ಪೊಲೀಸರಿಗೆ 180 ದಿನ. ಸಾಲದಿದ್ದರೆ ಕೇಳಿದರಾಯಿತು, ಒಂದು ವರ್ಷದವರೆಗೂ ಸಿಗುತ್ತದೆ. ಮನೆ ಕಟ್ಟುವ ಮೇಸ್ತ್ರಿಗೆ ಇಷ್ಟು ಉದಾರವಾಗಿ ಗಡುವು ಕೊಡುವ ಮಾಲೀಕ ಈ ದೇಶದಲ್ಲಿಲ್ಲ.

2023ರ ಮಾರ್ಚ್‌ನಲ್ಲಿ ಸುಪ್ರೀಂ ಕೋರ್ಟಿಗೂ ಸಾಕಾಗಿ ಹೋಯಿತು. ಗಾಂಜಾ ಪ್ರಕರಣದ ಆರೋಪಿಯೊಬ್ಬ ಏಳು ವರ್ಷಕ್ಕೂ ಹೆಚ್ಚು ಕಾಲ ಒಳಗಿದ್ದ. ವಿಚಾರಣೆ ಮುಗಿದಿರಲಿಲ್ಲ. ಸೆಕ್ಷನ್ 37 ಅನ್ನು ಅಕ್ಷರಶಃ ಓದಿದರೆ ಯಾರಿಗೂ ಎಂದೂ ಜಾಮೀನು ಸಿಗಲಾರದು ಎಂದು ಹೇಳಿ ಕೋರ್ಟು ಅವನನ್ನು ಬಿಟ್ಟಿತು. ಅಕ್ಷರಶಃ ಓದಬಾರದ ಕಾನೂನನ್ನು ಅಕ್ಷರದಲ್ಲಿ ಬರೆದದ್ದೇಕೆ ಎಂದು ಯಾರೂ ಕೇಳಲಿಲ್ಲ.

ನಮ್ಮ ಜೈಲುಗಳಲ್ಲಿ 2022ರ ಕೊನೆಗೆ 5,73,220 ಜನರಿದ್ದರು. ಅವರಲ್ಲಿ 4,34,302 ಮಂದಿ ವಿಚಾರಣಾಧೀನರು. ನೂರಕ್ಕೆ ಸುಮಾರು 76. ಅಂದರೆ ಜೈಲಿನಲ್ಲಿರುವ ನಾಲ್ವರಲ್ಲಿ ಮೂವರಿಗೆ ನೀನು ತಪ್ಪು ಮಾಡಿದ್ದೀಯ ಎಂದು ಯಾರೂ ಇನ್ನೂ ಹೇಳಿಲ್ಲ. ಹೇಳುವ ಅಗತ್ಯವೂ ಕಂಡಿಲ್ಲ.

ಈಗ ಒಂದು ಸಣ್ಣ ಅನುಭವ.

ಕೆಲವು ವರ್ಷಗಳ ಹಿಂದೆ ಒಂದು ಸಂಜೆ ತರಕಾರಿ ಚೀಲ ಹಿಡಿದು ಮನೆಗೆ ಹೋಗುತ್ತಿದ್ದೆ. ಬೀದಿ ತಿರುವಿನಲ್ಲಿ ಪೊಲೀಸ್ ಜೀಪು. ಒಬ್ಬ ಪೇದೆ ಹತ್ತಿರ ಬಂದ. ಬಹಳ ವಿನಯ.

"ಸಾರ್, ಓದಿದೋರ ಥರ ಕಾಣ್ತೀರಿ. ಒಂದು ಸೈನ್ ಹಾಕಿ ಹೋಗಿ."

"ಯಾವುದಕ್ಕಪ್ಪಾ?"

"ಪಂಚನಾಮೆ ಸಾರ್. ಗಾಂಜಾ ಕೇಸು."

"ಗಾಂಜಾ ಎಲ್ಲಿದೆ?"

"ಸ್ಟೇಷನ್‌ನಲ್ಲಿದೆ ಸಾರ್."

"ಆರೋಪಿ?"

"ಅವನೂ ಅಲ್ಲೇ ಇದಾನೆ."

"ಮತ್ತೆ ನಾನೇನು ನೋಡಿದೆ?"

ಪೇದೆ ನನ್ನನ್ನು ನೋಡಿದ ರೀತಿ ಇನ್ನೂ ನೆನಪಿದೆ. ಸಿಟ್ಟಿರಲಿಲ್ಲ. ಕನಿಕರ ಇತ್ತು. ಇಂಥವರೂ ಇರ್ತಾರಲ್ಲ ಅನ್ನುವ ಕನಿಕರ. ನನ್ನನ್ನು ಬಿಟ್ಟು ಎದುರಿನ ಟೀ ಅಂಗಡಿಗೆ ಹೋದ. ಟೀ ಅಂಗಡಿಯವನು ಕೈ ಒರೆಸಿಕೊಂಡು ಸಹಿ ಹಾಕಿದ. ಮೇಲಿನಿಂದ ಕೆಳಗೆ ಓದಲು ಅದರಲ್ಲಿ ಏನೂ ಬರೆದಿರಲಿಲ್ಲ.

ಮರುದಿನ ಅವನನ್ನೇ ಕೇಳಿದೆ. "ಏನಣ್ಣಾ, ನಾಳೆ ಕೋರ್ಟಿಗೆ ಕರೆದರೆ?"

"ನಾಳೆ ಎಲ್ಲಿ ಕರೀತಾರೆ ಸಾರ್? ಐದಾರು ವರ್ಷ ಆಗ್ತದೆ. ಆಗ ನೆನಪಿಲ್ಲ ಅಂದ್ರಾಯ್ತು. ನಿಜವಾಗ್ಲೂ ನೆನಪಿರಲ್ಲ ಕಣ್ರೀ." ಒಂದು ಗುಟುಕು ಟೀ ಕುಡಿದು ಸೇರಿಸಿದ. "ಅಂಗಡಿ ಫುಟ್‌ಪಾತ್ ಮೇಲಿದೆ. ಸೈನ್ ಹಾಕ್ದೆ ಇದ್ರೆ ನಡೀತದಾ?"

ಇಷ್ಟೇ ನೋಡಿ. ಒಬ್ಬನ ಹತ್ತು ವರ್ಷ ಇನ್ನೊಬ್ಬನ ಫುಟ್‌ಪಾತಿನ ಮೇಲೆ ನಿಂತಿದೆ.

ದೊಡ್ಡವರ ಕೇಸಾದರೆ ಪಂಚರೂ ದೊಡ್ಡವರು. 2021ರ ಅಕ್ಟೋಬರ್‌ನಲ್ಲಿ ಮುಂಬೈಯ ಐಷಾರಾಮಿ ಹಡಗಿನ ದಾಳಿ ನೆನಪಿದೆಯಲ್ಲ? ಶಾರುಖ್ ಖಾನ್ ಮಗನ ಕೇಸು. ಅಲ್ಲಿನ ಪಂಚ ಸಾಕ್ಷಿಯೊಬ್ಬ ಬಂಧಿತನ ಜೊತೆ ಸೆಲ್ಫಿ ತೆಗೆದುಕೊಂಡ. ಅವನೇ ಒಂದು ವಂಚನೆ ಪ್ರಕರಣದಲ್ಲಿ ಪುಣೆ ಪೊಲೀಸರಿಗೆ ಬೇಕಾಗಿದ್ದವನು. ಅದೇ ತಿಂಗಳು ಸಾಕ್ಷಿಯೂ ಒಳಗೆ ಹೋದ. ಆ ಹುಡುಗನ ಹತ್ತಿರ ಏನೂ ಸಿಕ್ಕಿರಲಿಲ್ಲ. ಹಿಂದೊಮ್ಮೆ ಅಟಾರ್ನಿ ಜನರಲ್ ಆಗಿದ್ದ ಮುಕುಲ್ ರೋಹಟಗಿ ಬಂದು ವಾದಿಸಿದರು. ಅಷ್ಟಾದರೂ ಜಾಮೀನು ಸಿಗಲು ಮೂರು ವಾರ ದಾಟಿತು. ಮುಂದಿನ ಮೇ ತಿಂಗಳಲ್ಲಿ ಅವನ ವಿರುದ್ಧ ಸಾಕ್ಷ್ಯವಿಲ್ಲ ಎಂದು ಹಿಡಿದವರೇ ಹೇಳಿದರು.

ಏನೂ ಸಿಗದ ಶ್ರೀಮಂತನಿಗೆ ಮೂರು ವಾರ. ಚೀಲ ಸಿಕ್ಕ ಕೂಲಿಯವನಿಗೆ ಎಷ್ಟು ಎಂಬುದನ್ನು ತ್ರೈರಾಶಿ ಹಾಕಿ ನೋಡಿ.

ಆ ಹಡಗಿನ ದಾಳಿಯ ಹಿಂದಿನ ತಿಂಗಳು, 2021ರ ಸೆಪ್ಟೆಂಬರ್‌ನಲ್ಲಿ, ಗುಜರಾತಿನ ಮುಂದ್ರಾ ಬಂದರಿನಲ್ಲಿ ಟಾಲ್ಕಂ ಕಲ್ಲಿನ ಹೆಸರಿನಲ್ಲಿ ಬಂದ ಕಂಟೇನರ್‌ಗಳಿಂದ ಸುಮಾರು 3,000 ಕಿಲೊ ಹೆರಾಯಿನ್ ತೆಗೆದರು. ಹೆರಾಯಿನ್‌ಗೆ ವಾಣಿಜ್ಯ ಪ್ರಮಾಣ 250 ಗ್ರಾಂ. ಅದರ ಹನ್ನೆರಡು ಸಾವಿರ ಪಟ್ಟು. ಟೀವಿಯವರು ಅಲ್ಲಿಗೆ ಹೋಗಿ ಕ್ಯಾಮೆರಾ ಇಟ್ಟು ಕೂತಿದ್ದು ನಿಮಗೆ ನೆನಪಿದೆಯೆ? ನನಗೂ ಇಲ್ಲ. ಕಂಟೇನರಿಗೆ ಅಪ್ಪ ಸಿನಿಮಾದಲ್ಲಿ ಇರುವುದಿಲ್ಲ.

ನಮ್ಮ ಬೆಂಗಳೂರೇನು ಕಡಿಮೆಯೆ? 2020ರ ಸೆಪ್ಟೆಂಬರ್‌ನಲ್ಲಿ ಇಬ್ಬರು ನಟಿಯರನ್ನು ಹಿಡಿದರು. ಚಾನೆಲ್ಲುಗಳಿಗೆ ದೀಪಾವಳಿ ಎರಡು ತಿಂಗಳು ಮೊದಲೇ ಬಂತು. ತಲೆಕೂದಲು ಪರೀಕ್ಷೆ, ಮೂತ್ರ ಪರೀಕ್ಷೆ, ನಿರೂಪಕರ ಗಂಟಲು ಪರೀಕ್ಷೆ. ಒಬ್ಬರಿಗೆ ಜಾಮೀನು ಸಿಕ್ಕಿದ್ದು 2021ರ ಜನವರಿಯಲ್ಲಿ, ಅದೂ ಸುಪ್ರೀಂ ಕೋರ್ಟಿನಿಂದ. ವರ್ಷಗಳ ಮೇಲೆ ನಮ್ಮ ಹೈಕೋರ್ಟು ಇಬ್ಬರ ಮೇಲಿನ ಪ್ರಕರಣಗಳನ್ನೂ ರದ್ದು ಮಾಡಿತು. ಆ ಸುದ್ದಿ ಟೀವಿಯ ಕೆಳಗಿನ ಪಟ್ಟಿಯಲ್ಲಿ ಓಡಿಹೋಯಿತು. ಅಡಿಕೆಗೆ ಹೋದ ಮಾನ ಆನೆ ಕೊಟ್ಟರೂ ಬಾರದು ಅಂತಾರೆ. ಇಲ್ಲಿ ಅಡಿಕೆಯೂ ಇರಲಿಲ್ಲ.

ಇನ್ನು ಗಿಡದ ವಿಷಯ. ಇಲ್ಲಿ ನಮ್ಮ ಸಂಸತ್ತು ಸಸ್ಯಶಾಸ್ತ್ರಕ್ಕೆ ದೊಡ್ಡ ಕಾಣಿಕೆ ಕೊಟ್ಟಿದೆ.

ಒಂದೇ ಗಿಡ. ಹೂವು, ಕಾಯಿ ಇರುವ ತುದಿ ಅಪರಾಧ. ಅಂಟು ಅಪರಾಧ. ತುದಿಯಿಂದ ಬಿಡಿಸಿದ ಎಲೆ ಮಾತ್ರ ಸಂಸ್ಕೃತಿ. ಎಲೆ ಅರೆದರೆ ಭಂಗಿ. ವಾರಾಣಸಿಯಲ್ಲಿ, ಜೈಸಲ್ಮೇರಿನಲ್ಲಿ ಸರ್ಕಾರದ ಲೈಸೆನ್ಸ್ ಪಡೆದ ಅಂಗಡಿಗಳೇ ಅದನ್ನು ಮಾರುತ್ತವೆ. ಬೋರ್ಡಿನ ಮೇಲೆ 'ಸರ್ಕಾರಿ' ಎಂದು ಬರೆದಿರುತ್ತದೆ. 1961ರ ಅಂತರರಾಷ್ಟ್ರೀಯ ಒಪ್ಪಂದದ ಹೊತ್ತಿಗೇ ಭಾರತ ಹಟ ಹಿಡಿದು ಎಲೆಯನ್ನು ಹೊರಗಿಡಿಸಿಕೊಂಡಿತ್ತು. ಶಿವನಿಗೆ ಪ್ರಿಯ ಎಂಬ ಕಾರಣ. ಶಿವ ಎಲೆಯನ್ನಷ್ಟೇ ಬಿಡಿಸಿಕೊಂಡು ತುದಿ ಬಿಸಾಡುತ್ತಿದ್ದ ಎಂದು ಯಾವ ಪುರಾಣದಲ್ಲಿದೆಯೋ, ಬಲ್ಲವರು ಹೇಳಬೇಕು.

2022ರಲ್ಲಿ ಬೆಂಗಳೂರು ಪೊಲೀಸರು ಬಿಹಾರದಿಂದ ಬಂದ ಒಬ್ಬನನ್ನು 29 ಕಿಲೊ ಭಂಗಿಯ ಜೊತೆ ಹಿಡಿದರು. ಅವನ ಮೇಲೆ ಮಾದಕವಸ್ತು ಕಾಯ್ದೆ ಹಾಕಿದರು. ಭಂಗಿ ಲಸ್ಸಿ ಅಂಗಡಿಗಳಲ್ಲಿ ಸಿಗುವಂಥದ್ದು, ಉತ್ತರ ಭಾರತದಲ್ಲಿ ಶಿವಾಲಯಗಳ ಬಳಿ ಕುಡಿಯುವ ಪಾನೀಯ, ನಿಷೇಧಿತ ಮಾದಕವಸ್ತುವಲ್ಲ ಎಂದು ಕರ್ನಾಟಕ ಹೈಕೋರ್ಟ್ ಪೊಲೀಸರಿಗೆ ಪಾಠ ಹೇಳಬೇಕಾಯಿತು. ಆ ಪಾಠ ಮುಗಿಯುವಷ್ಟರಲ್ಲಿ ಅವನು ಒಳಗೆ ಮೂರು ತಿಂಗಳ ಹತ್ತಿರ ಕಳೆದಿದ್ದ. ಪಾಠ ಕಲಿತವರು ಪೊಲೀಸರು, ಫೀಸು ಕಟ್ಟಿದವನು ಅವನು.

ಇನ್ನೊಂದು ಚೋದ್ಯ. ಒಣಗಿಸಿದ ಗಾಂಜಾ 900 ಗ್ರಾಂ ಇಟ್ಟುಕೊಂಡರೆ 'ಅಲ್ಪ ಪ್ರಮಾಣ'. ಹೆಚ್ಚೆಂದರೆ ಒಂದು ವರ್ಷ ಸಜೆ. ಅದೇ ಮೆಣಸಿನ ಗಿಡದ ಸಾಲಿನ ನಡುವೆ ಒಂದೇ ಒಂದು ಗಾಂಜಾ ಗಿಡ ಬೆಳೆಸಿದರೆ ಹತ್ತು ವರ್ಷದವರೆಗೆ. ಬೆಳೆದವನಿಗೆ ನಷ್ಟ, ಕೊಂಡು ಸೇದಿದವನಿಗೆ ರಿಯಾಯಿತಿ. ಈ ದೇಶದಲ್ಲಿ ಕೃಷಿ ಯಾವತ್ತೂ ಲಾಭದಾಯಕವಾಗಿರಲಿಲ್ಲ.

ತೂಕದ ಮಾತು ಬಂತಲ್ಲ, ಮೈದಾ ಹಿಟ್ಟಿನ ಕಥೆ ಹೇಳಿಬಿಡುತ್ತೇನೆ. ಶುದ್ಧ ಹೆರಾಯಿನ್ ಬೀದಿಯಲ್ಲಿ ಯಾರಿಗೂ ಸಿಗುವುದಿಲ್ಲ. ಹಿಟ್ಟೋ ಪುಡಿಯೋ ಬೆರೆಸಿ ಮಾರುತ್ತಾರೆ. 2008ರಲ್ಲಿ ಸುಪ್ರೀಂ ಕೋರ್ಟು, ಮಾದಕವಸ್ತು ಎಷ್ಟಿದೆಯೋ ಅಷ್ಟನ್ನೇ ತೂಗಿ ಎಂದಿತ್ತು. 2020ರಲ್ಲಿ ಅದೇ ಕೋರ್ಟು, ಇಲ್ಲ, ಬೆರಕೆಯನ್ನೂ ಸೇರಿಸಿ ತೂಗಿ ಎಂದಿತು. ಅಂದರೆ ವ್ಯಾಪಾರಿ ಮೋಸ ಮಾಡಿ ಎಷ್ಟು ಹಿಟ್ಟು ಬೆರೆಸುತ್ತಾನೋ ಗಿರಾಕಿಯ ಶಿಕ್ಷೆ ಅಷ್ಟು ಬೆಳೆಯುತ್ತದೆ. ಕಲಬೆರಕೆ ಮಾಲು ಕೊಂಡವನನ್ನು ಬೇರೆಲ್ಲ ಕಡೆ ಮೋಸ ಹೋದವ ಅಂತಾರೆ. ಇಲ್ಲಿ ಅವನು ವಾಣಿಜ್ಯ ಪ್ರಮಾಣ. ಹಿಟ್ಟು ತಿಂದರೆ ಮಲಬದ್ಧತೆ, ಹಿಟ್ಟು ಹಿಡಿದರೆ ಹತ್ತು ವರ್ಷ.

ಇಲ್ಲಿ ನಿಂತು ಒಂದು ಘೋಷಣೆ ಮಾಡಬೇಕು. ಗಾಂಜಾ ಒಳ್ಳೆಯದು ಎಂದು ನಾನು ಹೇಳುತ್ತಿಲ್ಲ. ಎಂಡಿಎಂಎ ನುಂಗಿ ಮನೆ ಹಾಳು ಮಾಡಿಕೊಂಡ ಹುಡುಗರನ್ನು ನೋಡಿದ್ದೇನೆ. ಅವರ ತಾಯಂದಿರನ್ನೂ ನೋಡಿದ್ದೇನೆ. ಈ ನಾಲ್ಕು ವಾಕ್ಯ ಬರೆಯದಿದ್ದರೆ ನಾಳೆ ನನ್ನ ತಲೆಕೂದಲನ್ನೂ ಕೇಳುತ್ತಾರೆ. ಈ ವಯಸ್ಸಿನಲ್ಲಿ ಕೊಡಲು ಹೆಚ್ಚು ಉಳಿದಿಲ್ಲ.

ಸರಿ, ನಶೆಯ ಮೇಲೆ ನಮಗೆ ಇಷ್ಟು ಸಿಟ್ಟು. ಹಾಗಾದರೆ ಹೆಂಡ?

ಕೇಂದ್ರ ಸರ್ಕಾರವೇ ಏಮ್ಸ್ ಕೈಲಿ ಮಾಡಿಸಿ 2019ರಲ್ಲಿ ಹೊರತಂದ ಸಮೀಕ್ಷೆ ಇದೆ. ದೇಶದಲ್ಲಿ ಕುಡಿಯುವವರು 16 ಕೋಟಿ. ಗಾಂಜಾ, ಚರಸ್, ಭಂಗಿ ಎಲ್ಲ ಸೇರಿ ಸುಮಾರು 3.1 ಕೋಟಿ. ಅದರಲ್ಲೂ ಹೆಚ್ಚಿನವರು ಸರ್ಕಾರಿ ಬೋರ್ಡಿನ ಭಂಗಿಯವರು. 16 ಕೋಟಿ ಜನರ ಚಟಕ್ಕೆ ನಮ್ಮ ಉತ್ತರ ಏನು? ಗುರಿ. ಅಬಕಾರಿ ಗುರಿ. ಕರ್ನಾಟಕದ 2025–26ರ ಬಜೆಟ್ಟಿನಲ್ಲಿ ಅದು 40,000 ಕೋಟಿ ರೂಪಾಯಿ. ಗುರಿ ಮುಟ್ಟದಿದ್ದರೆ ಅಧಿಕಾರಿಗಳಿಗೆ ಬೈಗುಳ. ಜನ ಸಾಕಷ್ಟು ಕುಡಿಯುತ್ತಿಲ್ಲ ಎಂದು ಸರ್ಕಾರ ಕೊರಗುವ ನಾಡು ನಮ್ಮದು.

ಅದೇ ಅಬಕಾರಿ ಇಲಾಖೆ ಗಾಂಜಾ ಕೇಸೂ ಹಾಕುತ್ತದೆ. ಬಲಗೈಯಲ್ಲಿ ಬಾಟಲಿ, ಎಡಗೈಯಲ್ಲಿ ಬೇಡಿ. ಬೆಳಗ್ಗೆ ಹೆಂಡದ ಲೆಕ್ಕ, ಸಂಜೆ ಸೊಪ್ಪಿನ ಲೆಕ್ಕ.

ಎಂಎಸ್‌ಐಎಲ್ ಗೊತ್ತಲ್ಲ, ನಮ್ಮದೇ ರಾಜ್ಯ ಸರ್ಕಾರದ ಕಂಪನಿ. ಮಗುವಿಗೆ ಲೇಖಕ್ ನೋಟ್‌ಬುಕ್ಕು ಮಾರುತ್ತದೆ. ತಾಯಿಗೆ ಚೀಟಿ ಹಾಕಿಸುತ್ತದೆ. ಅಪ್ಪನಿಗೆ ಬಾಟಲಿ ಕೊಡುತ್ತದೆ. ಇಡೀ ಸಂಸಾರಕ್ಕೆ ಒಂದೇ ಅಂಗಡಿ. ಮಾದಕ ಪಾನೀಯ ಮತ್ತು ಮಾದಕವಸ್ತುಗಳನ್ನು ನಿಷೇಧಿಸಲು ರಾಜ್ಯ ಪ್ರಯತ್ನಿಸಬೇಕು ಎನ್ನುತ್ತದೆ ಸಂವಿಧಾನದ 47ನೇ ವಿಧಿ. ಎರಡನ್ನೂ ಒಂದೇ ವಾಕ್ಯದಲ್ಲಿ ಹೇಳುತ್ತದೆ. ನಾವು ಆ ವಾಕ್ಯವನ್ನು ಮಧ್ಯದಲ್ಲಿ ಕತ್ತರಿಸಿ ಅರ್ಧಕ್ಕೆ ಠಾಣೆ ಕಟ್ಟಿಸಿದೆವು, ಇನ್ನರ್ಧಕ್ಕೆ ಡಿಪೊ.

ಬ್ರಿಟಿಷರು ಕೂಡ ಇಷ್ಟು ಅವಸರ ಮಾಡಿರಲಿಲ್ಲ. 1893–94ರಲ್ಲಿ ಒಂದು ಆಯೋಗ ನೇಮಿಸಿ, ಸಾವಿರಕ್ಕೂ ಹೆಚ್ಚು ಜನರನ್ನು ವಿಚಾರಿಸಿ, ಏಳು ಸಂಪುಟ ಬರೆಸಿದರು. ಗಾಂಜಾ ನಿಷೇಧ ಬೇಡ, ಹತೋಟಿ ಸಾಕು ಎಂದಿತು ಆಯೋಗ. ತೆರಿಗೆ ಬರುತ್ತಿತ್ತು ಎಂಬುದೂ ನಿಜ, ಬಿಡಿ. 1985ರಲ್ಲಿ ನಾವು ಆಗಸ್ಟಿನಲ್ಲಿ ಮಾದಕವಸ್ತು ಕಾಯ್ದೆಯ ಮಸೂದೆ ತಂದೆವು, ಸೆಪ್ಟೆಂಬರಿನಲ್ಲಿ ರಾಷ್ಟ್ರಪತಿಗಳ ಅಂಕಿತ ಬಿತ್ತು. ನವೆಂಬರ್ 14ರಂದು ಜಾರಿ. ಮಕ್ಕಳ ದಿನಾಚರಣೆಯ ಉಡುಗೊರೆ.

ಅವಸರದ ಮಾತು ಬಂದಾಗ ಇನ್ನೊಂದನ್ನು ಹೇಳದಿದ್ದರೆ ಪಾಪ ತಟ್ಟುತ್ತದೆ.

ಈ ಕಾಯ್ದೆಯಲ್ಲಿ 27ಎ ಎಂಬ ಸೆಕ್ಷನ್ ಇದೆ. ದಂಧೆಗೆ ಹಣ ಹಾಕುವ ದೊಡ್ಡ ಕುಳಗಳಿಗೆ ಮಾಡಿದ್ದು. ಹತ್ತರಿಂದ ಇಪ್ಪತ್ತು ವರ್ಷ. ಯಾವ ದಂಧೆ ಎಂಬುದನ್ನು ಅದು ತಾನೇ ಹೇಳುವುದಿಲ್ಲ. ಹಿಂದೆ ಒಂದು ಉಪಖಂಡದಲ್ಲಿದೆ, ನೋಡಿಕೊಳ್ಳಿ ಎನ್ನುತ್ತದೆ. 2014ರಲ್ಲಿ ತಿದ್ದುಪಡಿ ಮಾಡುವಾಗ ಆ ಉಪಖಂಡದ ನಂಬರು ಬದಲಾಯಿತು. ಹಳೆಯ ನಂಬರನ್ನು 'ಅಗತ್ಯ ಮಾದಕ ಔಷಧಿ' ಎಂಬ ಹೊಸ ವ್ಯಾಖ್ಯೆಗೆ ಕೊಟ್ಟರು. 27ಎ ಸೆಕ್ಷನ್ನಿನಲ್ಲಿ ನಂಬರು ತಿದ್ದುವುದನ್ನು ಮರೆತರು.

ಫಲ ಏನು? ಮಾದಕ ದೊರೆಗಳನ್ನು ಹಿಡಿಯಬೇಕಾದ ಸೆಕ್ಷನ್ ಏಳು ವರ್ಷ ಕ್ಯಾನ್ಸರ್ ರೋಗಿಯ ನೋವಿನ ಔಷಧಿಯ ಕಡೆ ಬೆರಳು ತೋರಿಸುತ್ತಾ ನಿಂತಿತ್ತು.

ಗೃಹ ಇಲಾಖೆಗೆ ಕಾಣಲಿಲ್ಲ. ಹಣಕಾಸು ಇಲಾಖೆಗೆ ಕಾಣಲಿಲ್ಲ. ಅದೇ ಸೆಕ್ಷನ್ ಹಾಕಿ 2020ರಲ್ಲಿ ನಟಿ ರಿಯಾ ಚಕ್ರವರ್ತಿಯನ್ನು ಸುಮಾರು ಒಂದು ತಿಂಗಳು ಜೈಲಿನಲ್ಲಿಟ್ಟವರಿಗೂ ಕಾಣಲಿಲ್ಲ. ಕಡೆಗೆ ಕಂಡದ್ದು ತ್ರಿಪುರಾದ ಒಂದು ವಿಚಾರಣಾ ನ್ಯಾಯಾಲಯಕ್ಕೆ. 2021ರಲ್ಲಿ ಅಲ್ಲಿನ ಹೈಕೋರ್ಟು ತಿದ್ದಿ ಎಂದಿತು. ಸೆಪ್ಟೆಂಬರ್ 30ಕ್ಕೆ ಸುಗ್ರೀವಾಜ್ಞೆ, ಡಿಸೆಂಬರಿನಲ್ಲಿ ಕಾಯ್ದೆ. ತಿದ್ದುಪಡಿ ಯಾವತ್ತಿನಿಂದ ಜಾರಿ? 2014ರ ಮೇ 1ರಿಂದ. ಏಳು ವರ್ಷ ಹಿಂದಕ್ಕೆ ನಡೆದುಹೋಗಿ ತಪ್ಪನ್ನು ಅಳಿಸಿ ಬಂದರು. ಇದು ಹೊಸ ಅಪರಾಧವಲ್ಲ, ಬರೀ ಸ್ಪಷ್ಟೀಕರಣ ಅಂದರು.

ನೀವೂ ಒಮ್ಮೆ ಪ್ರಯತ್ನಿಸಿ. ಸ್ವಾಮಿ, ನನ್ನ ಜೇಬಿನಲ್ಲಿ ಸಿಕ್ಕ ಪೊಟ್ಟಣ ಒಂದು ಮುದ್ರಣದೋಷ, ಹಿಂದಿನ ದಿನಾಂಕದಿಂದ ಜಾರಿಗೆ ಬರುವಂತೆ ತೆಗೆದುಬಿಡಿ ಅನ್ನಿ.

ನೋವಿನ ಔಷಧಿ ಅಂದೆನಲ್ಲ. ಈ ಕಥೆಯಲ್ಲಿ ನನಗೆ ವ್ಯಂಗ್ಯ ಬರೆಯಲು ಕೈ ಓಡದ ಜಾಗ ಅದೊಂದೇ.

ಭಾರತ ಸರ್ಕಾರದ ಲೈಸೆನ್ಸಿನಡಿ ಮಧ್ಯಪ್ರದೇಶ, ರಾಜಸ್ಥಾನ, ಉತ್ತರಪ್ರದೇಶದ ರೈತರು ಅಫೀಮು ಬೆಳೆಯುತ್ತಾರೆ. ಘಾಜಿಪುರ, ನೀಮಚ್‌ನಲ್ಲಿ ಸರ್ಕಾರದ ಅಫೀಮು ಕಾರ್ಖಾನೆಗಳಿವೆ. ಹೊರದೇಶಗಳಿಗೆ ರಫ್ತಾಗುತ್ತದೆ. ಅಲ್ಲಿನ ರೋಗಿಗಳ ನೋವು ಕಡಿಮೆಯಾಗುತ್ತದೆ. ಇಲ್ಲಿ ಏನಾಯಿತು? 1985ರಲ್ಲಿ ಈ ದೇಶ 716 ಕಿಲೊ ಮಾರ್ಫಿನ್ ಬಳಸುತ್ತಿತ್ತು. ಕಾಯ್ದೆ ಬಂತು. ಒಂದು ಆಸ್ಪತ್ರೆಗೆ ಮಾರ್ಫಿನ್ ತರಿಸಲು ನಾಲ್ಕೈದು ಲೈಸೆನ್ಸು, ಅವೂ ಬೇರೆ ಬೇರೆ ಇಲಾಖೆಗಳಿಂದ. ಒಂದು ಕೈಸೇರುವಷ್ಟರಲ್ಲಿ ಇನ್ನೊಂದರ ಅವಧಿ ಮುಗಿದಿರುತ್ತಿತ್ತು. ಲೆಕ್ಕ ತಪ್ಪಿದರೆ ಜೈಲು ಎಂದು ಔಷಧದಂಗಡಿಯವರು, ಡಾಕ್ಟರುಗಳು ಕೈಬಿಟ್ಟರು. 1997ರ ಹೊತ್ತಿಗೆ ದೇಶದ ಬಳಕೆ 18 ಕಿಲೊಗೆ ಇಳಿಯಿತು.

716ರಿಂದ 18. ಕ್ಯಾನ್ಸರ್ ಅಷ್ಟು ಕಡಿಮೆಯಾಗಿರಲಿಲ್ಲ.

ಗಂಟಲು ಕ್ಯಾನ್ಸರಿನ ಮುದುಕನೊಬ್ಬ ರಾತ್ರಿಯಿಡೀ ಗೋಡೆಗೆ ತಲೆ ಚಚ್ಚಿಕೊಳ್ಳುವುದನ್ನು ನೀವು ನೋಡಿದ್ದರೆ ಈ ಅಂಕಿಗಳನ್ನು ವಿವರಿಸಬೇಕಿಲ್ಲ. ನೋಡದಿದ್ದರೆ ವಿವರಿಸಿ ಪ್ರಯೋಜನವಿಲ್ಲ. 2014ರ ತಿದ್ದುಪಡಿ ಬಂದದ್ದೇ ಇದನ್ನು ಸರಿಪಡಿಸಲು. ಮೂವತ್ತು ವರ್ಷ ತಡವಾಗಿ ಒಂದು ಒಳ್ಳೆಯ ಕೆಲಸ ಮಾಡಲು ಹೋದರು. ಅದರಲ್ಲೂ ನಂಬರು ತಪ್ಪಿಸಿದರು.

ಮತ್ತೆ ವ್ಯಂಗ್ಯಕ್ಕೆ ಬರೋಣ. ಸರ್ಕಾರ ಸಾಮಗ್ರಿ ಒದಗಿಸುವುದನ್ನು ನಿಲ್ಲಿಸಿಲ್ಲ.

2020ರ ನವೆಂಬರ್‌ನಲ್ಲಿ ಮುಂಬೈಯಲ್ಲಿ ಹಾಸ್ಯ ಕಲಾವಿದೆ ಭಾರ್ತಿ ಸಿಂಗ್ ಅವರನ್ನು ಮಾದಕವಸ್ತು ನಿಯಂತ್ರಣ ಬ್ಯೂರೊ ಬಂಧಿಸಿತು. ಸಿಕ್ಕಿದೆ ಎಂದದ್ದು 86.5 ಗ್ರಾಂ ಗಾಂಜಾ. ಡಿಸೆಂಬರ್ 2ಕ್ಕೆ ವಿಯೆನ್ನಾದಲ್ಲಿ ವಿಶ್ವಸಂಸ್ಥೆಯ ಮಾದಕವಸ್ತು ಆಯೋಗದ ಮತದಾನ. ಗಾಂಜಾವನ್ನು ಅತಿ ಅಪಾಯಕಾರಿ ವಸ್ತುಗಳ ನಾಲ್ಕನೇ ಪಟ್ಟಿಯಿಂದ ತೆಗೆಯಬೇಕೆ? 27 ದೇಶ ಹೌದು ಎಂದವು, 25 ಬೇಡ ಎಂದವು. ಭಾರತ ಹೌದು ಎಂದವರ ಸಾಲಿನಲ್ಲಿ ಕೈ ಎತ್ತಿತು.

ವಿಯೆನ್ನಾದಲ್ಲಿ ಒಂದು ಕೈ ಮೇಲೆ. ಮುಂಬೈಯಲ್ಲಿ ಇನ್ನೊಂದು ಕೈ ಕಾಲರ್ ಮೇಲೆ.

ಇನ್ನು ಜೂನ್ 26. ಮಾದಕವಸ್ತು ವಿರೋಧಿ ಅಂತರರಾಷ್ಟ್ರೀಯ ದಿನ. ಶಾಲೆಯ ಮಕ್ಕಳನ್ನು ಬಿಸಿಲಿನಲ್ಲಿ ನಡೆಸುತ್ತಾರೆ. ಕೈಗೆ ಫಲಕ. ಕಮಿಷನರ್ ಸಾಹೇಬರು ಭಾಷಣ ಮಾಡುತ್ತಾರೆ. ಹಿಡಿದ ಮಾಲನ್ನು ರಾಶಿ ಹಾಕಿ ಸುಡುವ ಫೋಟೊ ಪತ್ರಿಕೆಗಳಲ್ಲಿ ಬರುತ್ತದೆ. ಇಲಿಗಳಿಗೆ ಅಂದು ಶೋಕಾಚರಣೆ.

ಅದೇ ಜೂನ್ 26 ಇನ್ನೊಂದು ದಿನವೂ ಹೌದು. ಚಿತ್ರಹಿಂಸೆಗೆ ಒಳಗಾದವರ ಪರ ಅಂತರರಾಷ್ಟ್ರೀಯ ದಿನ. ಅದೇ ವಿಶ್ವಸಂಸ್ಥೆ ಘೋಷಿಸಿದ್ದು. ಅದರ ಮೆರವಣಿಗೆ ನೋಡಿದ್ದೀರಾ? ಚಿತ್ರಹಿಂಸೆ ವಿರುದ್ಧದ ಒಪ್ಪಂದಕ್ಕೆ ಭಾರತ 1997ರಲ್ಲಿ ಸಹಿ ಹಾಕಿತು. ಇವತ್ತಿಗೂ ಅದನ್ನು ಅನುಮೋದಿಸಿಲ್ಲ. ಸಹಿ ಹಾಕಿ ಮರೆಯುವುದರಲ್ಲಿ ನಮ್ಮ ಸರ್ಕಾರ ಆ ಟೀ ಅಂಗಡಿಯವನಿಗೇನೂ ಕಡಿಮೆಯಿಲ್ಲ. ಅವನಿಗಾದರೂ ಫುಟ್‌ಪಾತಿನ ಚಿಂತೆ ಇತ್ತು.

ಎರಡು ದಿನಾಚರಣೆಗೂ ನಂಟು ಇಲ್ಲವೆನ್ನಬೇಡಿ. 35 ವರ್ಷ ಈ ದೇಶದಲ್ಲಿ ಒಂದು ವಿಚಿತ್ರ ನಡೆದುಬಂತು. ಪೊಲೀಸರ ಮುಂದೆ ಕೊಟ್ಟ ತಪ್ಪೊಪ್ಪಿಗೆಗೆ ಕೋರ್ಟಿನಲ್ಲಿ ಬೆಲೆಯಿಲ್ಲ. ಯಾಕೆಂದು ಎಲ್ಲರಿಗೂ ಗೊತ್ತು. ಆದರೆ ಮಾದಕವಸ್ತು ಬ್ಯೂರೊ ಅಧಿಕಾರಿ ಪೊಲೀಸನಲ್ಲ ಎಂದುಬಿಟ್ಟಿದ್ದರು. ಅವನು ಹಿಡಿಯುತ್ತಾನೆ, ಕೂಡಿಹಾಕುತ್ತಾನೆ, ಕೇಳಬೇಕಾದ ರೀತಿಯಲ್ಲಿ ಕೇಳುತ್ತಾನೆ. ಪೊಲೀಸ್ ಮಾತ್ರ ಅಲ್ಲ. ಆದ್ದರಿಂದ ಅವನ ಮುಂದೆ ಒಪ್ಪಿಕೊಂಡದ್ದು ಸತ್ಯ. 2020ರ ಅಕ್ಟೋಬರ್ 29ರಂದು ತೂಫಾನ್ ಸಿಂಗ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು, ಅವನೂ ಪೊಲೀಸನೇ, ಆ ತಪ್ಪೊಪ್ಪಿಗೆ ನಡೆಯುವುದಿಲ್ಲ ಎಂದಿತು. ಅಷ್ಟರೊಳಗೆ ಆ 'ಸತ್ಯ'ಗಳ ಆಧಾರದ ಮೇಲೆ ಒಳಗೆ ಹೋದವರು ತಮ್ಮ ಶಿಕ್ಷೆಯನ್ನು ಹಿಂದಿನ ದಿನಾಂಕದಿಂದ ತಿದ್ದಿಸಿಕೊಳ್ಳುವ ಹಾಗಿಲ್ಲ. ಆ ಸೌಲಭ್ಯ ಸಂಸತ್ತಿಗೆ ಮಾತ್ರ.

ಕೊನೆಗೆ ಒಂದು ದಿನ ಕೇಸು ಬಿದ್ದುಹೋಗುತ್ತದೆ ಎಂದಿಟ್ಟುಕೊಳ್ಳಿ. ಪಂಚ ನೆನಪಿಲ್ಲ ಎನ್ನುತ್ತಾನೆ. ಮಾಲು ಇಲಿಯ ಹೊಟ್ಟೆಯಲ್ಲಿದೆ. ಆರೋಪಿ ಹೊರಗೆ ಬರುತ್ತಾನೆ. ಹೋಗುವಾಗ ಎದೆಮಟ್ಟ ಇದ್ದ ಮಗಳು ಬರುವಷ್ಟರಲ್ಲಿ ಮದುವೆಯಾಗಿ ಹೋಗಿರುತ್ತಾಳೆ. ಕಾರಣವಿಲ್ಲದೆ ಹಿಡಿದ ಅಧಿಕಾರಿಗೆ ಏನೂ ಇಲ್ಲವೆ? ಇದೆ. ಕಾನೂನು ಅಷ್ಟು ಕುರುಡಲ್ಲ. ಸೆಕ್ಷನ್ 58. ಸಕಾರಣ ಸಂಶಯವಿಲ್ಲದೆ ಶೋಧ ಮಾಡಿದರೆ, ಸುಮ್ಮಸುಮ್ಮನೆ ಬಂಧಿಸಿದರೆ ಆರು ತಿಂಗಳವರೆಗೆ ಸಜೆ, ಅಥವಾ ದಂಡ, ಅಥವಾ ಎರಡೂ. ಗಾಂಜಾ ಅಲ್ಪ ಪ್ರಮಾಣದಲ್ಲಿ ಇಟ್ಟುಕೊಂಡವನಿಗೆ ದಂಡ 10,000ದವರೆಗೆ. ಅಮಾಯಕನನ್ನು ಹಿಡಿದ ಅಧಿಕಾರಿಗೆ ದಂಡ ಹೆಚ್ಚೆಂದರೆ 1,000 ರೂಪಾಯಿ.

ಅದನ್ನು ಕಟ್ಟಿದ ಒಬ್ಬ ಅಧಿಕಾರಿಯನ್ನೂ ನಾನು ಈವರೆಗೆ ಕಂಡಿಲ್ಲ. ಕಟ್ಟಿಸಿಕೊಂಡು ಅದೇ ಸಾವಿರವನ್ನು ಆ ಮನುಷ್ಯನ ಕೈಗೇ ಕೊಟ್ಟರೆ ಒಳ್ಳೆಯದಿತ್ತು. ಹತ್ತಿರದ ಎಂಎಸ್‌ಐಎಲ್ ಅಂಗಡಿಗೆ ಹೋಗುತ್ತಿದ್ದ. ಒಂದು ಕ್ವಾರ್ಟರ್ ತೆಗೆದುಕೊಂಡರೆ ಚಿಲ್ಲರೆಯೂ ವಾಪಸ್ ಬರುತ್ತದೆ.